ಪೋಸ್ಟರಿನ ಮೇಲೆ ಬರಹಗಾರರ ಹೆಸರು

ಸಲೀಂ ಖಾನ್ ಮತ್ತು ಜಾವೇದ್ ಅಖ್ತರ್ ಮುಂಬೈ ಚಿತ್ರರಂಗಕ್ಕೆ ಸುಮಾರು ಹತ್ತು ವರ್ಷ ಜೊತೆಯಾಗಿ ಬರೆದರು. ಇಂದೋರಿನ ಸಲೀಂ ನಟನಾಗಲು ಬಂದವರು. ಗ್ವಾಲಿಯರ್‌ನಲ್ಲಿ ಹುಟ್ಟಿದ ಜಾವೇದ್ 1964ರಲ್ಲಿ ಮುಂಬೈ ಸೇರಿ ಕೈಗೆ ಸಿಕ್ಕ ಸಣ್ಣಪುಟ್ಟ ಕೆಲಸ ಮಾಡುತ್ತಿದ್ದರು. ‘ಸರ್ಹದಿ ಲೂಟೇರಾ’ ಚಿತ್ರೀಕರಣದಲ್ಲಿ ಪರಿಚಯವಾದ ಇಬ್ಬರೂ ಮುಂದೆ ಸಿಪ್ಪಿ ಫಿಲ್ಮ್ಸ್‌ನ ಕಥಾ ವಿಭಾಗದಲ್ಲಿ ತಿಂಗಳ ಸಂಬಳಕ್ಕೆ ಸೇರಿಕೊಂಡರು. ‘ಅಂದಾಜ್’ (1971), ‘ಸೀತಾ ಔರ್ ಗೀತಾ’ (1972) ಅಲ್ಲಿಯ ಕೆಲಸ.

ಆಗ ಚಿತ್ರಕಥೆ ಬರೆಯುವವನನ್ನು ಉದ್ಯಮದಲ್ಲಿ ‘ಮುನ್ಷಿ’ ಎಂದೇ ಕರೆಯುತ್ತಿದ್ದರು, ಅಂದರೆ ಗುಮಾಸ್ತ. ಅಂದಂದಿನ ಮಾತುಗಳನ್ನು ಸೆಟ್ಟಿನಲ್ಲೇ ಗೀಚಿಕೊಡುವುದು ವಾಡಿಕೆ. ಈ ಜೋಡಿ ಚಿತ್ರೀಕರಣಕ್ಕೆ ಮೊದಲೇ ಇಡೀ ಚಿತ್ರಕಥೆಯನ್ನು ಬರೆದು ಮುಗಿಸಿ ಕೊಟ್ಟಿತು. ಕಥೆಯನ್ನು ಇಬ್ಬರೂ ಕೂತು ಕಟ್ಟುತ್ತಿದ್ದರು. ಸಂಭಾಷಣೆಯನ್ನು ಜಾವೇದ್ ಉರ್ದು ಲಿಪಿಯಲ್ಲಿ ಬರೆದರೆ ಸಹಾಯಕರು ಅದನ್ನು ದೇವನಾಗರಿಗೆ ಇಳಿಸುತ್ತಿದ್ದರು.

1973ರಲ್ಲಿ ‘ಜಂಜೀರ್’ ಬಂದಾಗ ಪೋಸ್ಟರುಗಳಲ್ಲಿ ಅವರ ಹೆಸರೇ ಇರಲಿಲ್ಲ. ಇಬ್ಬರೂ ತಮ್ಮದೇ ದುಡ್ಡಿನಲ್ಲಿ ಆಳೊಬ್ಬನನ್ನು ಗೊತ್ತುಮಾಡಿ, ಬಣ್ಣದ ಡಬ್ಬ, ಅಚ್ಚಿನ ತಗಡು ಕೊಟ್ಟು ರಾತ್ರಿ ಕಳುಹಿಸಿದರು. ಬೆಳಗಾಗುವಷ್ಟರಲ್ಲಿ ಊರಿನ ಪೋಸ್ಟರುಗಳ ಮೇಲೆ, ನಟರ ಮೂಗು, ಕೈ ಎಂದು ನೋಡದೆ, ‘ಸಲೀಂ-ಜಾವೇದ್’ ಎಂದು ಮೂಡಿತ್ತು. ಹಿಂದಿ ಚಿತ್ರಗಳ ಬರಹಗಾರರಿಗೆ ಮರ್ಯಾದೆ ಸಿಕ್ಕಿದ್ದರ ಚರಿತ್ರೆಯಲ್ಲಿ ಇದಕ್ಕಿಂತ ದೊಡ್ಡ ರಾತ್ರಿ ಇನ್ನೊಂದಿಲ್ಲ.

ಅವರ ಬರಹಗಳಲ್ಲಿ ಮುಂಬೈ ಅತ್ಯಂತ ಗಾಢವಾಗಿ ಇಳಿದಿರುವುದು ‘ದೀವಾರ್’ನಲ್ಲಿ (1975). ಊರು ಬಿಟ್ಟು ಬಂದ ತಾಯಿ ಕಟ್ಟಡದ ಕೆಲಸದಲ್ಲಿ ಇಟ್ಟಿಗೆ ಹೊರುತ್ತಾಳೆ; ಬೂಟು ಪಾಲಿಶ್ ಮಾಡುವ ಮಗ, ಎಸೆದ ಕಾಸನ್ನು ಮುಟ್ಟುವುದಿಲ್ಲ. ಬೆಳೆದ ಮೇಲೆ ಅವನು ಬಂದರಿನಲ್ಲಿ ಕೂಲಿ, ತೋಳಿನ ಬಿಲ್ಲೆಯ ಸಂಖ್ಯೆ 786. ನಿರುದ್ಯೋಗ, ಬೆಲೆಯೇರಿಕೆಗಳಿಂದ ಬೇಸತ್ತ ಆ ಕಾಲದ ಜನ ಅಮಿತಾಭ್ ಬಚ್ಚನ್ ಮುಖದಲ್ಲಿ ತಮ್ಮ ಸಿಟ್ಟನ್ನೇ ಕಂಡರು. ಅದೇ ವರ್ಷದ ಆಗಸ್ಟ್ 15ರಂದು ತೆರೆಕಂಡ ‘ಶೋಲೆ’ಯ ಹಳ್ಳಿ ಮುಂಬೈಯ ಯಾವ ಸ್ಟುಡಿಯೋದಲ್ಲೂ ಇರಲಿಲ್ಲ; ರಾಮನಗರದ ಬಂಡೆಗಳ ನಡುವೆ ಎದ್ದಿತ್ತು.

ಮರುವರ್ಷ ಈ ಜೋಡಿಯ ಕಥೆ ಕನ್ನಡಕ್ಕೂ ಬಂತು. ರಾಜ್‌ಕುಮಾರ್ ಅಭಿನಯದ ‘ಪ್ರೇಮದ ಕಾಣಿಕೆ’, ‘ರಾಜ ನನ್ನ ರಾಜ’ ಎರಡೂ 1976ರವು. ರೈಲಿನಲ್ಲಿ ನಡೆದ ಕೊಲೆಯನ್ನು ಕಣ್ಣಾರೆ ಕಂಡವಳು ಆ ಕೊಲೆಗಾರನ ಮನೆಯಲ್ಲೇ ಕೆಲಸಕ್ಕೆ ಸೇರುವ ‘ಪ್ರೇಮದ ಕಾಣಿಕೆ’ಯ ಹೆಣಿಗೆ ಇಂದಿಗೂ ಬಿಗಿಯಾಗಿದೆ.

‘ಡಾನ್’, ‘ತ್ರಿಶೂಲ್’ ನಂತರ 1980ರ ದಶಕದ ಆರಂಭದಲ್ಲಿ ಇಬ್ಬರೂ ಬೇರೆಯಾದರು. ಮೊದಲೇ ಬರೆದಿಟ್ಟಿದ್ದ ‘ಮಿಸ್ಟರ್ ಇಂಡಿಯಾ’ 1987ರಲ್ಲಿ ಇಬ್ಬರ ಹೆಸರಿನಲ್ಲೇ ತೆರೆಗೆ ಬಂತು.