ಯಾವ ಜಮಾತು?

ಇಸ್ಲಾಮಿನ ಒಳಗವಲುಗಳ ಬಗ್ಗೆ ಬರೆಯಲು ಕೂತರೆ ಕನ್ನಡದಲ್ಲಿ ಪದಗಳಿಗೆ ಬರವಿಲ್ಲ. ಪಂಗಡ, ಒಳಪಂಗಡ, ಬಣ, ಶಾಖೆ, ಯಾವುದು ಬೇಕಾದರೂ ನಡೆಯುತ್ತದೆ. ಅರಬ್ಬಿ, ಉರ್ದುಗಳಲ್ಲಿ ಫಿರ್ಕಾ ಎನ್ನುತ್ತಾರೆ. ಆದರೆ ‘ನಾನು ಇಂಥ ಫಿರ್ಕಾದವನು’ ಎಂದು ಯಾರಾದರೂ ಹೆಮ್ಮೆಯಿಂದ ಹೇಳಿಕೊಂಡದ್ದನ್ನು ನಾನಂತೂ ಕೇಳಿಲ್ಲ. ಫಿರ್ಕಾ ಏನಿದ್ದರೂ ಎದುರಿನವರದು. ತಮ್ಮದನ್ನು ಕರೆಯುವಾಗ ಬಾಯಿಗೆ ಬರುವುದು ಜಮಾತ್. ಒಂದರ ಧಾತುವಿನಲ್ಲಿ ಬೇರ್ಪಡಿಸುವ ಅರ್ಥ, ಇನ್ನೊಂದರಲ್ಲಿ ಕೂಡಿಸುವ ಅರ್ಥ.

ಇದಕ್ಕೆ ಹಳೆಯ ಕಾರಣವೊಂದಿದೆ. ಪ್ರವಾದಿಯವರ ಹೆಸರಿನಲ್ಲಿ ಬಂದ ಪ್ರಸಿದ್ಧ ಹದೀಸೊಂದರ ಪ್ರಕಾರ ಸಮುದಾಯ 73 ಫಿರ್ಕಾಗಳಾಗಿ ಒಡೆಯುತ್ತದೆ, ಪಾರಾಗುವುದು ಒಂದೇ. ಆ ಒಂದು ಯಾವುದು ಎಂಬುದಕ್ಕೆ ಒಂದು ಪಾಠದಲ್ಲಿ ಸಿಗುವ ಉತ್ತರ ‘ಅಲ್ ಜಮಾಅ’. ಅಂದಿನಿಂದ ಎಲ್ಲರೂ ಬಸ್ಸಿನ ಕಿಟಕಿಯಿಂದ ಸೀಟಿಗೆ ಟವೆಲ್ ಹಾಕಿದಂತೆ ಆ ಪದದ ಮೇಲೆ ತಮ್ಮ ತಮ್ಮ ವಸ್ತ್ರ ಎಸೆಯುತ್ತಲೇ ಬಂದಿದ್ದಾರೆ.

ಪದ ನಮಗೇನೂ ಹೊಸದಲ್ಲ. ಜಮಾ-ಖರ್ಚು ಬರೆಯುವವರು, ಪಂಚಾಯಿತಿಯ ಜಮಾಬಂದಿಗೆ ಹೋಗುವವರು, ‘ಭಾರಿ ಜನ ಜಮಾಯಿಸಿದ್ದರು’ ಎಂದು ವರದಿ ಕಳಿಸುವವರು, ಎಲ್ಲರೂ ಇದೇ ಧಾತುವಿನ ಋಣದಲ್ಲಿರುವವರು. ಹಳೆಯ ಜಮಾದಾರನೂ ಇದೇ ಮನೆಯವನು. ಶುಕ್ರವಾರ ಜುಮಾ, ಅಂದು ಊರೆಲ್ಲ ಸೇರುವ ಮಸೀದಿ ಜಾಮಿ. ಕಲಬುರಗಿ ಕೋಟೆಯೊಳಗೆ 1367ರಲ್ಲಿ ಕಟ್ಟಿದ್ದೂ, ವಿಜಯಪುರದಲ್ಲಿ ಒಂದನೆಯ ಅಲಿ ಆದಿಲ್ ಶಾಹ ಕಟ್ಟಿಸಿದ್ದೂ ಜಾಮಿ ಮಸೀದಿಗಳೇ. ವಿದ್ವಾಂಸರ ಒಮ್ಮತ ಇಜ್ಮಾ, ದೊಡ್ಡ ಧಾರ್ಮಿಕ ಸಮ್ಮೇಳನ ಇಜ್ತಿಮಾ. ಬೆಂಗಳೂರಿನ ಪತ್ರಿಕೆಗಳು ಜಮಾತ್ ಎಂದು ಬರೆದರೆ ಕರಾವಳಿಯಲ್ಲಿ ಹೆಚ್ಚಾಗಿ ಜಮಾಅತ್. ನಡುವಿನ ಆ ‘ಅ’ ಅರಬ್ಬಿಯ ಗಂಟಲಕ್ಷರವೊಂದಕ್ಕೆ ಕನ್ನಡ ಮಾಡಿಕೊಟ್ಟ ಜಾಗ. ನಾಲಿಗೆಗೆ ಸುಲಭವೆಂದು ನಾನು ಮೊದಲನೆಯದನ್ನೇ ಇಟ್ಟುಕೊಳ್ಳುತ್ತೇನೆ.

ಪದಕ್ಕೆ ರಾಜಕೀಯ ಅಂಟಿಕೊಂಡದ್ದು ಬಹಳ ಬೇಗ. 632ರಲ್ಲಿ ಪ್ರವಾದಿ ತೀರಿಕೊಂಡ ಮೇಲೆ ಸಮುದಾಯದ ಚುಕ್ಕಾಣಿ ಯಾರಿಗೆ ಎಂಬ ಪ್ರಶ್ನೆ ಎದ್ದಿತು. ಅದು ಅಳಿಯ ಅಲಿಯವರ ಹಕ್ಕು ಎಂದವರು ‘ಶಿಯಾನೆ ಅಲಿ’, ಅಂದರೆ ಅಲಿಯ ಕಡೆಯವರು. ಅಂತರ್ಯುದ್ಧಗಳಾದವು, ಅಲಿಯವರ ಕೊಲೆಯಾಯಿತು. 661ರಲ್ಲಿ ಅವರ ಮಗ ಹಸನ್ ಎದುರು ಪಾಳಯದ ಮುಆವಿಯಾಗೆ ಅಧಿಕಾರ ಬಿಟ್ಟುಕೊಟ್ಟರು. ಆ ವರ್ಷಕ್ಕೆ ಸುನ್ನಿ ಇತಿಹಾಸಕಾರರು ಕೊಟ್ಟ ಹೆಸರು ‘ಜಮಾತಿನ ವರ್ಷ’. ಎಲ್ಲರೂ ಒಂದಾದರಂತೆ. ಬಿಟ್ಟುಕೊಟ್ಟವರ ಮನೆಯಲ್ಲಿ ಅದೇ ವರ್ಷಕ್ಕೆ ಬೇರೆ ಹೆಸರೇ ಇದ್ದೀತು. 680ರಲ್ಲಿ ಕರ್ಬಲಾ ಕಾಳಗ ನಡೆಯಿತು, ಹಸನರ ತಮ್ಮ ಹುಸೇನರು ಹತರಾದರು. ಶಿಯಾ ಮನಸ್ಸು ಕಾಲವನ್ನು ಎಣಿಸುವುದು ಆ ದಿನದಿಂದ. ಗೌರಿಬಿದನೂರಿನ ಬಳಿಯ ಅಲೀಪುರದಲ್ಲಿ ಮೊಹರಂ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಸುನ್ನಿ ಎಂಬುದು ಅರ್ಧ ಕತ್ತರಿಸಿದ ಹೆಸರು. ಪೂರ್ತಿ ಹೆಸರು ಅಹ್ಲೆ ಸುನ್ನತ್ ವಲ್ ಜಮಾಅತ್, ಪ್ರವಾದಿಯ ನಡೆಯನ್ನೂ ಜಮಾತನ್ನೂ ಹಿಡಿದವರು. ಜಗಳಗಳೆಲ್ಲ ನಡೆದಿರುವುದು ನಾವು ಕತ್ತರಿಸಿ ಬಿಡುವ ಆ ಅರ್ಧದ ಮೇಲೆ.

ಹಾಗಾದರೆ ಜಮಾತ್ ಆಗಲು ಎಷ್ಟು ಜನ ಬೇಕು? ದಿನದ ನಮಾಜಿಗೆ ಇಬ್ಬರು ಸಾಕು, ಒಬ್ಬ ಮುಂದೆ, ಒಬ್ಬ ಹಿಂದೆ. ಶುಕ್ರವಾರದ ಜುಮಾಗೆ ಲೆಕ್ಕ ಬದಲಾಗುತ್ತದೆ. ಹನಫಿ ಮಜ್‌ಹಬ್ ಇಮಾಮನನ್ನು ಬಿಟ್ಟು ಮೂವರಿದ್ದರೆ ಸಾಕು ಎನ್ನುತ್ತದೆ, ಶಾಫಿ ಮಜ್‌ಹಬ್ ಊರಿನಲ್ಲಿ ನೆಲೆನಿಂತ 40 ಗಂಡಸರನ್ನು ಕೇಳುತ್ತದೆ. ಮಜ್‌ಹಬ್ ಎಂದರೆ ಇಲ್ಲಿ ನ್ಯಾಯಪರಂಪರೆ. ಹನಫಿ, ಮಾಲಿಕಿ, ಶಾಫಿ, ಹನ್‌ಬಲಿ ಎಂದು ಸುನ್ನಿಗಳಲ್ಲಿ ಇವು ನಾಲ್ಕು. ಕರ್ನಾಟಕದಲ್ಲಿ ಈ ಗೆರೆ ಹೆಚ್ಚುಕಡಿಮೆ ಘಟ್ಟದ ಗೆರೆಯೇ. ಅರಬ್ಬಿ ಕಡಲ ವ್ಯಾಪಾರದ ಜತೆ ಶಾಫಿ ಪದ್ಧತಿ ಕರಾವಳಿಗೆ ಇಳಿಯಿತು, ಆದ್ದರಿಂದ ಭಟ್ಕಳದ ನವಾಯತರೂ ಮಂಗಳೂರಿನ ಬ್ಯಾರಿಗಳೂ ಶಾಫಿಗಳು. ಮಧ್ಯ ಏಷ್ಯಾ, ದೆಹಲಿಯ ಕಡೆಯಿಂದ ಬಂದ ಹನಫಿ ಪದ್ಧತಿ ಬಯಲುಸೀಮೆಯಲ್ಲಿ ನಿಂತಿತು. ಶಾಫಿಗಳಿಗೆ ಕಡಲಿನಿಂದ ಬಂದದ್ದು ಬಹುಮಟ್ಟಿಗೆ ಸಲ್ಲುತ್ತದೆ. ಹನಫಿಗಳು ಏಡಿ ಮುಟ್ಟುವುದಿಲ್ಲ, ಸಿಗಡಿ ಮೀನು ಹೌದೋ ಅಲ್ಲವೋ ಎಂದು ಅವರ ವಿದ್ವಾಂಸರು ಈಗಲೂ ವಾದಿಸುತ್ತಾರೆ. ಯಾವುದು ಕಡಲತೀರದಲ್ಲಿ ಬೇರುಬಿಟ್ಟಿತೆಂದು ಅಚ್ಚರಿಪಡಬೇಕಿಲ್ಲ!

ಮಸೀದಿಯೊಳಗೆ ಗೋಡೆಯ ಮೇಲೊಂದು ಹಲಗೆ ಇರುತ್ತದೆ, ಅದರಲ್ಲಿ ಸಾಲಾಗಿ ಪುಟ್ಟ ಗಡಿಯಾರಗಳು. ಐದು ಹೊತ್ತಿಗೆ ಐದು, ಜುಮಾಕ್ಕೊಂದು. ಅವು ಓಡುವ ಗಡಿಯಾರಗಳಲ್ಲ. ಹೊತ್ತು ಹಿಂದೆ ಮುಂದೆ ಆದಾಗ ಯಾರಾದರೂ ಬೆರಳಿನಿಂದ ಮುಳ್ಳು ತಿರುಗಿಸಬೇಕು. ಅವು ತೋರಿಸುವುದು ಜಮಾತ್ ನಿಲ್ಲುವ ಸಮಯವನ್ನು. ಈಗೀಗ ಆ ಜಾಗದಲ್ಲಿ ಕೆಂಪು ಅಂಕಿಗಳ ಡಿಜಿಟಲ್ ಫಲಕಗಳು ಬಂದಿವೆ. ಮೂರನೆಯ ಗಡಿಯಾರ ಅಸರ್‌ನದು, ಮಧ್ಯಾಹ್ನ ಇಳಿದ ಮೇಲಿನ ನಮಾಜು. ನಡುಹಗಲಲ್ಲಿ ಇದ್ದ ನೆರಳನ್ನು ಕಳೆದು, ವಸ್ತುವಿನ ನೆರಳು ಅದರಷ್ಟೇ ಉದ್ದವಾದಾಗ ಶಾಫಿಗಳ ಅಸರ್ ಶುರು. ಹನಫಿಗಳು ಎರಡು ಪಟ್ಟು ಆಗುವ ತನಕ ಕಾಯುತ್ತಾರೆ. ಭಟ್ಕಳದಿಂದ ಬೆಂಗಳೂರಿಗೆ ಬಂದು ಕೆಲಸ ಮಾಡುವ ಹುಡುಗ ಊರಿನ ಹೊತ್ತಿಗೆ ಅಂಗಡಿ ಬಿಟ್ಟು ಹೋದರೆ ಹನಫಿ ಮಸೀದಿಯಲ್ಲಿ ಆಜಾನೂ ಆಗಿರುವುದಿಲ್ಲ. ‘ಜಮಾತ್ ಸಿಕ್ಕಿತಾ?’ ಎಂದು ಒಬ್ಬರನ್ನೊಬ್ಬರು ಕೇಳುವುದು ಈ ಅರ್ಥದಲ್ಲಿ. ಬಸ್ಸಿನ ಹಾಗೆ ಜಮಾತೂ ತಪ್ಪುತ್ತದೆ.

ಒಳಗೆ ಸಾಲಿನಲ್ಲಿ ನಿಂತ ಮೇಲೆ ಮತ್ತಷ್ಟು ಭೇದ ಕಾಣುತ್ತದೆ. ಶಾಫಿ ಆಮೀನನ್ನು ಗಟ್ಟಿಯಾಗಿ ಹೇಳುತ್ತಾನೆ, ಹನಫಿ ತುಟಿಯೊಳಗೇ. ಶಾಫಿ ಬಾಗುವ ಮುನ್ನ ಕೈ ಎತ್ತುತ್ತಾನೆ, ಹನಫಿ ಎತ್ತುವುದಿಲ್ಲ. ಕೈ ಎತ್ತುವುದರಲ್ಲಿ, ಆಮೀನಿನಲ್ಲಿ ಅಹ್ಲೆ ಹದೀಸಿನವರೂ ಶಾಫಿಯಂತೆಯೇ, ಆದರೆ ಅವರು ನಾಲ್ಕು ಮಜ್‌ಹಬ್‌ಗಳಲ್ಲಿ ಯಾವುದಕ್ಕೂ ಕಟ್ಟುಬೀಳರು. ಶಿಯಾಗಳದ್ದು ಕೈ ಇಳಿಬಿಟ್ಟ ನಿಲುವು. ಮಸ್ಕತ್ತಿಗೆ ದುಡಿಯಲು ಹೋದ ನಮ್ಮ ಕರಾವಳಿಯವರಿಗೆ ಅಲ್ಲಿ ಇಬಾದಿಗಳು ಸಿಗುತ್ತಾರೆ. ಅವರದೂ ಕೈ ಇಳಿಬಿಟ್ಟ ನಮಾಜೇ, ಆದರೆ ಅವರು ಸುನ್ನಿಯೂ ಅಲ್ಲ, ಶಿಯಾವೂ ಅಲ್ಲ.

ಈ ಭೇದಗಳು ಒಂದು ಕಾಲದಲ್ಲಿ ಜಮಾತನ್ನು ನಿಜವಾಗಿಯೂ ಸೀಳಿದ್ದವು, ಅದೂ ಕಾಬಾದ ಎದುರಿಗೇ. ಮೆಕ್ಕಾದ ಹರಮ್‌ನಲ್ಲಿ ಶತಮಾನಗಳ ಕಾಲ ನಾಲ್ಕು ಮಜ್‌ಹಬ್‌ಗಳಿಗೆ ನಾಲ್ಕು ನಿಲ್ದಾಣಗಳಿದ್ದವು, ನಾಲ್ವರು ಇಮಾಮರು, ನಾಲ್ಕು ಜಮಾತುಗಳು. 1183ರಲ್ಲಿ ಅಲ್ಲಿಗೆ ಹೋದ ಅಂದಲೂಸಿಯಾದ ಯಾತ್ರಿಕ ಇಬ್ನ್ ಜುಬೈರ್ ಇದನ್ನು ನೋಡಿ ಬರೆದಿದ್ದಾನೆ. ನಾಲ್ವರು ಸಾಲದೆಂಬಂತೆ ಶಿಯಾ ಪರಂಪರೆಯ ಝೈದಿಗಳಿಗೆ ಐದನೆಯ ಇಮಾಮನೂ ಇದ್ದ. ಬೇರೆ ಹೊತ್ತಿನಲ್ಲಿ ಒಬ್ಬರಾದ ಮೇಲೊಬ್ಬರು ನಮಾಜು ಮಾಡಿಸುತ್ತಿದ್ದರು. ಸೂರ್ಯ ಮುಳುಗಿದ ಮೇಲಿನ ಮಗ್ರಿಬ್‌ನ ಹೊತ್ತು ಚಿಕ್ಕದು, ಎಲ್ಲರೂ ಒಟ್ಟಿಗೇ ಶುರು ಮಾಡಬೇಕಿತ್ತು. ಆಗ ಒಬ್ಬ ಇಮಾಮನ ‘ಅಲ್ಲಾಹು ಅಕ್ಬರ್’ ಕೇಳಿ ಇನ್ನೊಬ್ಬನ ಹಿಂದೆ ನಿಂತವರು ಬಾಗಿಬಿಡುತ್ತಿದ್ದರಂತೆ. ಈ ಏರ್ಪಾಟು ಪೂರ್ತಿ ನಿಂತದ್ದು 1924ರಲ್ಲಿ ಮೆಕ್ಕಾ ಸೌದಿ ಅರಸರ ಕೈಗೆ ಬಂದ ಮೇಲೆ. ಈಗ ಅಲ್ಲಿ ಒಂದೇ ಇಮಾಮತ್. ನಮ್ಮಲ್ಲಿಯೂ ಶಾಫಿ ಹನಫಿಯ ಹಿಂದೆ, ಹನಫಿ ಶಾಫಿಯ ಹಿಂದೆ ನಿಂತರೆ ಯಾರೂ ಹುಬ್ಬೇರಿಸುವುದಿಲ್ಲ.

ಹುಬ್ಬೇರುವ ಜಾಗ ಬೇರೆಯಾಯಿತು, ಅಷ್ಟೆ. ದೇವಬಂದ್‌ನ ದಾರುಲ್ ಉಲೂಮ್ ಮದರಸಾ ಶುರುವಾದದ್ದು 1866ರಲ್ಲಿ. ಬರೇಲಿಯ ಅಹ್ಮದ್ ರಜಾ ಖಾನ್ ಬದುಕಿದ್ದು 1856ರಿಂದ 1921ರ ತನಕ. ಆ ಮದರಸಾದ ಹಾದಿಯ ದೇವಬಂದಿ, ಈ ಖಾನರ ಹಾದಿಯ ಬರೇಲ್ವಿ ಇಬ್ಬರೂ ಹನಫಿಗಳು. ಕೈ ಕಟ್ಟುವ ಜಾಗ ಒಂದೇ, ಅಸರ್‌ನ ನೆರಳೂ ಒಂದೇ. ಆದರೂ ಪ್ರವಾದಿಯ ಬಗೆಗಿನ ಪ್ರೀತಿಯನ್ನು ಹೇಗೆ ತೋರಿಸಬೇಕು, ಅವರಿಗೆ ಪರೋಕ್ಷದ ಅರಿವು ಎಷ್ಟಿತ್ತು, ಉರುಸು, ಮಿಲಾದು, ಫಾತಿಹಾ ಸರಿಯೇ ಎಂಬ ವಾದದಲ್ಲಿ ಇಬ್ಬರೂ ಎಷ್ಟು ದೂರ ಹೋದರೆಂದರೆ ಒಬ್ಬರ ಇಮಾಮನ ಹಿಂದೆ ಇನ್ನೊಬ್ಬರು ನಿಲ್ಲಲೊಲ್ಲದ ಮಸೀದಿಗಳುಂಟು. ಕಾನೂನಿನಲ್ಲಿ ಬೇರೆಯಾದವರು ಒಂದೇ ಸಾಲಿನಲ್ಲಿ ಹೆಗಲಿಗೆ ಹೆಗಲು ತಾಗಿಸಿ ನಿಲ್ಲುತ್ತಾರೆ, ಅದೇ ಕಾನೂನಿನವರು ಬೇರೆ ಮಸೀದಿ ಹುಡುಕುತ್ತಾರೆ. ಇಬ್ಬರೂ ತಮ್ಮನ್ನು ಅಹ್ಲೆ ಸುನ್ನತ್ ವಲ್ ಜಮಾಅತ್ ಎಂದೇ ಕರೆದುಕೊಳ್ಳುತ್ತಾರೆ. ರೂಢಿಯಲ್ಲಿ ಆ ಬೋರ್ಡು ಹೆಚ್ಚಾಗಿ ಕಾಣುವುದು ಬರೇಲ್ವಿಗಳ ಮಸೀದಿಯ ಮೇಲೆ. ಕವಲುಗಳ ನಕ್ಷೆಯನ್ನು ಗ್ರಂಥದಲ್ಲಿ ಹುಡುಕುವುದಕ್ಕಿಂತ ಯಾರು ಯಾರ ಹಿಂದೆ ನಿಲ್ಲುತ್ತಾರೆ ಎಂದು ನೋಡುವುದು ಮೇಲು ಎಂದು ನನಗನ್ನಿಸುವುದು ಇದಕ್ಕೇ.

ಅದೇ 1866ರಲ್ಲಿ ಬೊಂಬಾಯಿಯ ಹೈಕೋರ್ಟಿನಲ್ಲಿ ಇನ್ನೊಂದು ಜಮಾತಿನ ವ್ಯಾಜ್ಯ ತೀರಿತು. ಖೋಜಾಗಳು ಸೇರುವ ಜಾಗ ಜಮಾತ್‌ಖಾನಾ. ಆ ಸಮುದಾಯದ ಆಸ್ತಿ ಯಾರ ಕೈಯಲ್ಲಿರಬೇಕು, ಅವರು ಸುನ್ನಿಗಳೋ ಶಿಯಾಗಳೋ ಎಂಬುದು ಪ್ರಶ್ನೆ. ಅವರು ಇಸ್ಮಾಯಿಲಿ ಶಿಯಾಗಳು, ಆಗಾ ಖಾನರೇ ಅವರ ಇಮಾಮ್ ಎಂದು ನ್ಯಾಯಮೂರ್ತಿ ಆರ್ನೌಲ್ಡ್ ತೀರ್ಪು ಕೊಟ್ಟರು. ಇಂಗ್ಲಿಷ್ ನ್ಯಾಯಾಧೀಶನೊಬ್ಬ ಜಮಾತಿನ ಹೆಸರು ನಿರ್ಧರಿಸಿದ್ದ. ಇಸ್ಮಾಯಿಲಿಗಳ ಇನ್ನೊಂದು ಕವಲಾದ ದಾವೂದಿ ಬೋಹ್ರಾಗಳಲ್ಲಿ ಊರೂರಿನ ಜಮಾತಿಗೆ ಧರ್ಮಗುರು ಸೈಯದ್ನಾ ನೇಮಿಸಿದ ಪ್ರತಿನಿಧಿ, ಆಮಿಲ್, ಇರುತ್ತಾನೆ. ಜಮಾತಿನಿಂದ ಹೊರಹಾಕುವ ಅಧಿಕಾರವನ್ನು ತೆಗೆದುಹಾಕಿದ್ದ ಬೊಂಬಾಯಿಯ 1949ರ ಕಾಯ್ದೆಯನ್ನು ಸುಪ್ರೀಂ ಕೋರ್ಟು 1962ರಲ್ಲಿ ರದ್ದುಮಾಡಿತು. ಆ ಪ್ರಶ್ನೆ 2023ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠದ ಮುಂದೆ ಹೋಯಿತು. ಕೂಡಿಸುವ ಪದಕ್ಕೆ ಹೊರದೂಡುವ ಕೈಯೂ ಇದೆ.

ಇಪ್ಪತ್ತನೆಯ ಶತಮಾನದಲ್ಲಿ ಪದ ಸಂಘಟನೆಗಳ ಹೆಸರಾಯಿತು. ಮುಹಮ್ಮದ್ ಇಲ್ಯಾಸ್ 1926ರ ಸುಮಾರಿಗೆ ಮೇವಾತದಲ್ಲಿ ಶುರು ಮಾಡಿದ್ದು ತಬ್ಲೀಗಿ ಜಮಾತ್. ಮೌದೂದಿ 1941ರಲ್ಲಿ ಲಾಹೋರಿನಲ್ಲಿ ಕಟ್ಟಿದ್ದು ಜಮಾತೆ ಇಸ್ಲಾಮಿ. ಸುದ್ದಿವಾಹಿನಿಗಳು ಇವೆರಡನ್ನೂ ಒಂದೇ ಮಾಡಿ ಉಣಬಡಿಸುವುದನ್ನು ನೋಡಿದ್ದೇನೆ. ಎರಡೂ ಅಜಗಜಾಂತರ. ತಬ್ಲೀಗಿಗೆ ರಾಜಕೀಯ ಬೇಡ, ಪುಸ್ತಕದ ಅಂಗಡಿ ಬೇಡ. ಮೂರು ದಿನ, 40 ದಿನ, ನಾಲ್ಕು ತಿಂಗಳು ಎಂದು ಹಾಸಿಗೆ ಸುತ್ತಿಕೊಂಡು ಹೊರಡುವುದು, ಮಸೀದಿಯಲ್ಲಿ ಮಲಗುವುದು, ತಮ್ಮ ಅಡುಗೆ ತಾವೇ ಮಾಡಿಕೊಳ್ಳುವುದು, ಸಂಜೆ ಬೀದಿಯಲ್ಲಿ ತಿರುಗಿ ನಮಾಜಿಗೆ ಕರೆಯುವುದು. ಇದಕ್ಕೆ ‘ಜಮಾತಿಗೆ ಹೋಗುವುದು’ ಎನ್ನುತ್ತಾರೆ, ಇಲ್ಲಿ ಜಮಾತ್ ಒಂದು ಪ್ರಯಾಣ. ಜಮಾತೆ ಇಸ್ಲಾಮಿಯದೋ ಓದುಬರಹದ ಲೋಕ, ಧರ್ಮ ಸಮಾಜವನ್ನೂ ಆಳ್ವಿಕೆಯನ್ನೂ ತಿದ್ದಬೇಕೆಂಬ ವಾದ. ಮಂಗಳೂರಿನ ‘ಸನ್ಮಾರ್ಗ’ ಪತ್ರಿಕೆ, ಶಾಂತಿ ಪ್ರಕಾಶನದ ಕನ್ನಡ ಪುಸ್ತಕಗಳು ಆ ಬಳಗದವು. 1889ರಲ್ಲಿ ಮಿರ್ಜಾ ಗುಲಾಂ ಅಹ್ಮದ್ ಶುರು ಮಾಡಿದ ಅಹ್ಮದಿಯಾದವರೂ ತಮ್ಮದನ್ನು ಜಮಾತ್ ಎನ್ನುತ್ತಾರೆ. ಉಳಿದ ಜಮಾತುಗಳು ತಮ್ಮತಮ್ಮಲ್ಲಿ ಏನೇ ಜಗಳವಾಡಿದರೂ ಇವರನ್ನು ಹೊರಗಿಡುವುದರಲ್ಲಿ ಒಂದಾಗುತ್ತವೆ. ಪಾಕಿಸ್ತಾನ 1974ರಲ್ಲಿ ಸಂವಿಧಾನ ತಿದ್ದಿಯೇ ಅವರು ಮುಸ್ಲಿಮರಲ್ಲ ಎಂದಿತು.

2020ರ ಮಾರ್ಚಿನಲ್ಲಿ ದೆಹಲಿಯ ತಬ್ಲೀಗಿ ಕೇಂದ್ರವಾದ ನಿಜಾಮುದ್ದೀನ್ ಮರ್ಕಜ್‌ನಲ್ಲಿ ಕೋವಿಡ್ ಹಬ್ಬಿದ ಸುದ್ದಿ ಬಂದ ಮೇಲೆ ‘ಜಮಾತಿ’ ಎಂಬುದು ರಾತ್ರೋರಾತ್ರಿ ಬೈಗುಳವಾಯಿತು. ಆ ಆಗಸ್ಟಿನಲ್ಲಿ ಬಾಂಬೆ ಹೈಕೋರ್ಟಿನ ಔರಂಗಾಬಾದ್ ಪೀಠ ವಿದೇಶಿ ತಬ್ಲೀಗಿಗಳ ಮೇಲಿನ ಮೊಕದ್ದಮೆಗಳನ್ನು ರದ್ದುಮಾಡಿ ಅವರನ್ನು ಹರಕೆಯ ಕುರಿ ಮಾಡಲಾಯಿತು ಎಂದಿತು. ಬೈಗುಳ ಕಲಿತಷ್ಟು ಜನ ಆ ತೀರ್ಪು ಓದಲಿಲ್ಲ.

ಕರಾವಳಿಯಲ್ಲಿ ಈ ಪದ ದಿನದಿನವೂ ದುಡಿಯುವುದು ಇದ್ಯಾವುದರಲ್ಲೂ ಅಲ್ಲ. ಅಲ್ಲಿ ಜಮಾತ್ ಎಂದರೆ ಒಂದು ಮಸೀದಿಗೆ ಸೇರಿದ ಮನೆಗಳು. ಅದಕ್ಕೆ ಕಮಿಟಿ, ಅಧ್ಯಕ್ಷ, ಕಾರ್ಯದರ್ಶಿ, ಮದರಸಾ, ದಫನದ ಜಾಗ ಎಲ್ಲ ಉಂಟು. ಭಟ್ಕಳದಲ್ಲಿ ಜಮಾತುಲ್ ಮುಸ್ಲಿಮೀನ್ ಒಂದು, ಖಲೀಫಾ ಜಮಾತುಲ್ ಮುಸ್ಲಿಮೀನ್ ಇನ್ನೊಂದು. ಎರಡೂ ಸುನ್ನಿ, ಎರಡೂ ಶಾಫಿ, ಆದರೂ ಖಾಜಿಗಳು ಇಬ್ಬರು. ಊರು ಬಿಟ್ಟವರು ದುಬೈ, ರಿಯಾದ್‌ಗಳಲ್ಲೂ ಭಟ್ಕಳ ಮುಸ್ಲಿಂ ಜಮಾತ್ ಎಂದೇ ಕೂಟ ಕಟ್ಟಿಕೊಂಡಿದ್ದಾರೆ. ಬೇರೆ ಊರಿನ ಸಂಬಂಧ ಕುದುರಿದರೆ ನಿಕಾಹಿಗೆ ಮೊದಲು ಹುಡುಗನ ಜಮಾತಿನಿಂದ ಹುಡುಗಿಯ ಜಮಾತಿಗೆ ಪತ್ರ ಹೋಗಬೇಕು, ಇವನು ನಮ್ಮವನು, ನಮ್ಮ ಆಕ್ಷೇಪವಿಲ್ಲ ಎಂದು, ಮೊಹರಿನ ಸಮೇತ. ಪತ್ರ ಕೇಳಲು ಬಂದ ತಂದೆಯ ಅಕೀದಾ, ಅಂದರೆ ನಂಬಿಕೆ, ಏನು, ಮಜ್‌ಹಬ್ ಏನು ಎಂದು ವಿಚಾರಿಸುವ ಮೊದಲು ಕಾರ್ಯದರ್ಶಿ ಪುಸ್ತಕ ತೆರೆದು ನೋಡುವುದು ಮನೆಯ ವಂತಿಗೆ ಎಷ್ಟು ತಿಂಗಳು ಬಾಕಿ ಇದೆ ಎಂದು.