ಮೊದಲು ಕಟ್ಟು, ಆಮೇಲೆ ವಾದಿಸು

ಅಬಕಾರಿ ಅಂದ ತಕ್ಷಣ ನಮಗೆ ಹೆಂಡದಂಗಡಿ ನೆನಪಾಗುತ್ತೆ. ನಾನು ಹೇಳ್ತಿರೋದು ಅದಲ್ಲ, ಕೇಂದ್ರ ಅಬಕಾರಿ ಸುಂಕದ ಕಥೆ. 2017ರ ಜುಲೈ 1ಕ್ಕೆ ಜಿಎಸ್‌ಟಿ ಬರುವವರೆಗೆ ಕಾರ್ಖಾನೆಯಿಂದ ಹೊರಬೀಳುತ್ತಿದ್ದ ಬಹುತೇಕ ಸರಕಿನ ಮೇಲೆ ಬೀಳುತ್ತಿದ್ದ ತೆರಿಗೆ ಅದು.

ಪೀಣ್ಯದಲ್ಲೊಂದು ಸಣ್ಣ ಕಾರ್ಖಾನೆ ಇದೆ ಅಂತ ಇಟ್ಕೊಳ್ಳಿ. ಅಧಿಕಾರಿ 40 ಲಕ್ಷ ಕಟ್ಟು ಅಂತ ಆದೇಶ ಮಾಡಿದರು. ಮಾಲೀಕ ಮೇಲ್ಮನವಿ ಹಾಕಿದ. ತೀರ್ಪು ಬರೋವರೆಗೆ ಆ ದುಡ್ಡು ಯಾರ ಕೈಯಲ್ಲಿರಬೇಕು? ಇಷ್ಟೇ ಪ್ರಶ್ನೆ. ಇದಕ್ಕೆ ಉತ್ತರ ಹುಡುಕೋಕೆ ನಮ್ಮ ದೇಶ ದಶಕಗಳನ್ನೇ ತೆಗೆದುಕೊಂಡಿತು.

1944ರ ಕಾಯ್ದೆಯ 35ಎಫ್ ಕಲಂ ಹೇಳುತ್ತಿದ್ದದ್ದು ನೇರ: ಮೊದಲು ಪೂರ್ತಿ ಕಟ್ಟು, ಆಮೇಲೆ ವಾದಿಸು. ತೀರಾ ಕಷ್ಟವಾದರೆ ವಿನಾಯಿತಿ ಕೇಳಬಹುದಿತ್ತು. ಹೀಗಾಗಿ 1982ರಲ್ಲಿ ನ್ಯಾಯಮಂಡಳಿ ಶುರುವಾದ ಮೇಲೆ ಪ್ರತಿ ಕೇಸಿಗೂ ಎರಡು ಜಗಳ. ಮೊದಲನೆಯದು ತಡೆಯಾಜ್ಞೆಗೆ, ಎರಡನೆಯದು ತೆರಿಗೆಗೆ.

ಹಾಗಂತ ಸರ್ಕಾರದ್ದೇ ತಪ್ಪು ಅನ್ನೋಣವೇ? 1984ರ ಡನ್‌ಲಪ್ ಕೇಸ್ ನೋಡಿ. ಟೈರ್ ಕಂಪನಿ ಕಲ್ಕತ್ತಾ ಹೈಕೋರ್ಟಿಗೆ ಹೋಗಿ, ಬ್ಯಾಂಕ್ ಗ್ಯಾರಂಟಿ ಮೇಲೆ ಸುಂಕದಿಂದ ಮಧ್ಯಂತರ ಪರಿಹಾರ ಪಡೆದಿತ್ತು. ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಓ. ಚಿನ್ನಪ್ಪ ರೆಡ್ಡಿ ಅದನ್ನು ಒಪ್ಪಲಿಲ್ಲ. ಬರೀ ಬ್ಯಾಂಕ್ ಗ್ಯಾರಂಟಿಗಳ ಮೇಲೆ ಸರ್ಕಾರ ನಡೆಯಲ್ಲ ಅಂತ ಖಡಕ್ಕಾಗಿ ಹೇಳಿದರು. ನಿಜ ತಾನೇ? ಸುಂಕ ಕೊನೆಗೆ ಬೀಳೋದು ಕೊಳ್ಳುವವನ ಜೇಬಿಗೆ. ಅವನಿಂದ ವಸೂಲಿ ಮಾಡಿಕೊಂಡು ಸರ್ಕಾರಕ್ಕೆ ತಡೆಯಾಜ್ಞೆ ತೋರಿಸುವವರಿಗೆ ಏನನ್ನಬೇಕು?

ಆದರೆ ನಾಣ್ಯಕ್ಕೆ ಇನ್ನೊಂದು ಮುಖವೂ ಇದೆ. 2002ರಲ್ಲಿ ಹೊಸ ನಿಯಮ ಬಂತು: 180 ದಿನದಲ್ಲಿ ಮೇಲ್ಮನವಿ ಇತ್ಯರ್ಥವಾಗದಿದ್ದರೆ ತಡೆಯಾಜ್ಞೆ ತಾನಾಗಿಯೇ ರದ್ದು! ವಿಚಾರಣೆ ಮಾಡದೆ ಕೂತಿದ್ದು ನ್ಯಾಯಮಂಡಳಿ, ಶಿಕ್ಷೆ ಮಾತ್ರ ಅರ್ಜಿದಾರನಿಗೆ. ವಿಳಂಬ ಅರ್ಜಿದಾರನ ತಪ್ಪಲ್ಲದಿದ್ದರೆ ತಡೆ ಮುಂದುವರಿಸಬಹುದು ಅಂತ 2005ರಲ್ಲಿ ಕುಮಾರ್ ಕಾಟನ್ ಮಿಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಹೇಳಬೇಕಾಯಿತು. ಪಾಠ ಕಲಿತರಾ? ಇಲ್ಲ. 2013ರ ಜನವರಿ 1ಕ್ಕೆ ಮತ್ತೊಂದು ಸುತ್ತೋಲೆ. ಮೇಲ್ಮನವಿ ಹಾಕಿ 30 ದಿನದಲ್ಲಿ ತಡೆಯಾಜ್ಞೆ ಸಿಗದಿದ್ದರೆ ವಸೂಲಿ ಶುರು ಮಾಡಿ ಅಂತ. ತಡೆ ಅರ್ಜಿ ವಿಚಾರಣೆಗೇ ಬಂದಿಲ್ಲ, ಆಗಲೇ ಬ್ಯಾಂಕ್ ಖಾತೆಗೆ ಕೈ ಹಾಕೋದು ಯಾವ ನ್ಯಾಯ? ಹಲವು ಹೈಕೋರ್ಟ್‌ಗಳು ಚಾಟಿ ಬೀಸಿದವು.

ಕೊನೆಗೆ 2014ರ ಆಗಸ್ಟ್ 6ರಿಂದ ಲೆಕ್ಕ ಸರಳವಾಯಿತು. ಮೊದಲ ಮೇಲ್ಮನವಿಗೆ ಶೇ. 7.5, ಎರಡನೆಯದಕ್ಕೆ ಶೇ. 10, ಗರಿಷ್ಠ ಮಿತಿ 10 ಕೋಟಿ. ಅಷ್ಟು ಕಟ್ಟಿದರೆ ಉಳಿದದ್ದಕ್ಕೆ ಬಲವಂತದ ವಸೂಲಿ ಇಲ್ಲ. ಜಿಎಸ್‌ಟಿಯೂ ಇದೇ ದಾರಿ ಹಿಡಿಯಿತು.

ನಮ್ಮ ಪೀಣ್ಯದ ಮಾಲೀಕ ಈಗ 40 ಲಕ್ಷದ ಬದಲು 3 ಲಕ್ಷ ಕಟ್ಟಿ ಮೇಲ್ಮನವಿ ಹಾಕಬಹುದು. ಒಳ್ಳೆಯದೇ. ಆದರೆ ಕಷ್ಟ ನೋಡಿ ವಿನಾಯಿತಿ ಕೊಡುವ ಹಳೇ ಅಧಿಕಾರ ಹೋಯಿತು. ಆ 3 ಲಕ್ಷವೂ ಇಲ್ಲದವನು ಏನು ಮಾಡಬೇಕು? ಹೈಕೋರ್ಟಿಗೆ ರಿಟ್ ಹಾಕಬೇಕು. ಅದಕ್ಕೂ ವಕೀಲರ ಫೀಸು ಬೇಕಲ್ಲ!

ತೆರಿಗೆ ಕದಿಯುವವನಿಗೆ ತಡೆಯಾಜ್ಞೆ ಆಶ್ರಯವಾಗಬಾರದು, ನಾನೂ ಒಪ್ತೀನಿ. ಆದರೆ ಗೆದ್ದ ದಿನ ಕಾರ್ಖಾನೆಯ ಬಾಗಿಲಿಗೆ ಬೀಗ ಬಿದ್ದಿದ್ದರೆ, ಆ ತೀರ್ಪನ್ನು ಇಟ್ಟುಕೊಂಡು ಅವನು ಏನು ಮಾಡಬೇಕು? ನೀವೇ ಹೇಳಿ.