ಗಂಟು ಕಟ್ಟಿದವರು, ಬಿಚ್ಚಿಕೊಟ್ಟವರು

ಕಂಪ್ಯೂಟರಿನಲ್ಲಿ ಆಟ ಆಡುವವರಿಗೆ ಒಂದು ಕಾಯುವಿಕೆ ಚೆನ್ನಾಗಿ ಗೊತ್ತು. ಡೌನ್‌ಲೋಡ್ ಮುಗಿದಿರುತ್ತದೆ, ಆದರೆ ಬಂದಿರುವುದು ಆಟವಲ್ಲ, ಜಿಪ್ ಅಥವಾ ರಾರ್ ಎಂಬ ಬಾಲವಿರುವ ಒಂದು ಫೈಲ್. ಅದರ ಮೇಲೆ ರೈಟ್ ಕ್ಲಿಕ್ ಮಾಡಿ ‘ಎಕ್ಸ್‌ಟ್ರ್ಯಾಕ್ಟ್’ ಒತ್ತಿದರೆ ಪಟ್ಟಿಯೊಂದು ನಿಧಾನವಾಗಿ ತುಂಬುತ್ತಾ ಹೋಗುತ್ತದೆ. ಅದು ತುಂಬಿ ಮುಗಿಯುವಷ್ಟರಲ್ಲಿ ನೂರಾರು ಚಿತ್ರ, ಸದ್ದು, ನಕ್ಷೆಗಳು ಫೋಲ್ಡರಿನ ತುಂಬ ಹರಡಿಕೊಂಡಿರುತ್ತವೆ. ದಿನನಿತ್ಯದ ಈ ಸಣ್ಣ ಕೆಲಸದ ಬೆನ್ನು ಹತ್ತಿ ಹೋದಾಗ ನನಗೆ ಸಿಕ್ಕ ಕಥೆಯಲ್ಲಿ ಗಣಿತವಿದೆ, ಕೋರ್ಟು ಕಚೇರಿಯಿದೆ, ಒಬ್ಬನ ಅಕಾಲ ಸಾವಿದೆ. ಎಲ್ಲಕ್ಕಿಂತ ಮುಖ್ಯವಾಗಿ ಒಂದು ಪ್ರಶ್ನೆಯಿದೆ: ಒಬ್ಬರು ಕಟ್ಟಿದ ಗಂಟನ್ನು ಬಿಚ್ಚುವ ಹಕ್ಕು ಯಾರದು?

ಮೊದಲು ಗಂಟು ಕಟ್ಟುವ ಬಗೆಯನ್ನು ನೋಡೋಣ. ಅದರಲ್ಲಿ ಎರಡು ಉಪಾಯಗಳಿವೆ. ಒಂದು ಹುಟ್ಟಿದ್ದು 1951ರಲ್ಲಿ, ಅಮೆರಿಕದ ಎಂಐಟಿಯ ತರಗತಿಯಲ್ಲಿ. ಪ್ರೊಫೆಸರ್ ರಾಬರ್ಟ್ ಫಾನೋ ತಮ್ಮ ವಿದ್ಯಾರ್ಥಿಗಳಿಗೆ ಆಯ್ಕೆ ಕೊಟ್ಟಿದ್ದರು: ಪರೀಕ್ಷೆ ಬರೆಯಿರಿ, ಇಲ್ಲವೇ ಪ್ರಬಂಧ ಬರೆಯಿರಿ. ಪ್ರಬಂಧ ಆರಿಸಿಕೊಂಡವರಲ್ಲಿ ಡೇವಿಡ್ ಹಫ್‌ಮನ್ ಒಬ್ಬ. ಅಕ್ಷರಗಳನ್ನು ಸೊನ್ನೆ ಒಂದುಗಳಲ್ಲಿ ಅತಿ ಚಿಕ್ಕದಾಗಿ ಬರೆಯುವುದು ಹೇಗೆ ಎಂಬುದು ಅವನಿಗೆ ಸಿಕ್ಕ ಸಮಸ್ಯೆ. ಅದನ್ನು ಸ್ವತಃ ಫಾನೋ ಕೂಡ ಪೂರ್ತಿ ಬಿಡಿಸಿರಲಿಲ್ಲ ಎಂಬುದು ಅವನಿಗೆ ಗೊತ್ತಿರಲಿಲ್ಲ. ತಿಂಗಳುಗಟ್ಟಲೆ ತಲೆ ಕೆಡಿಸಿಕೊಂಡು, ಇನ್ನು ಪರೀಕ್ಷೆಗೇ ಓದೋಣ ಎಂದು ಟಿಪ್ಪಣಿಗಳನ್ನು ಕಸದ ಬುಟ್ಟಿಗೆ ಎಸೆಯುವ ಹೊತ್ತಿಗೆ ಅವನಿಗೆ ಉತ್ತರ ಹೊಳೆಯಿತು. ಹೆಚ್ಚು ಸಲ ಬರುವ ಅಕ್ಷರಕ್ಕೆ ಗಿಡ್ಡ ಸಂಕೇತ, ಅಪರೂಪದ್ದಕ್ಕೆ ಉದ್ದ ಸಂಕೇತ. ಇದನ್ನು ಒಂದು ಮರದಂತೆ, ಬುಡದಿಂದಲ್ಲ, ತುದಿಯ ಎಲೆಗಳಿಂದ ಕಟ್ಟುತ್ತಾ ಬರಬೇಕು.

ಇನ್ನೊಂದು ಉಪಾಯ 1977ರದು. ಇಸ್ರೇಲಿನ ಹೈಫಾ ನಗರದ ಟೆಕ್ನಿಯನ್ ಸಂಸ್ಥೆಯ ಜೇಕಬ್ ಝಿವ್ ಮತ್ತು ಅಬ್ರಹಾಂ ಲೆಂಪೆಲ್ ಅವರದು. ಒಮ್ಮೆ ಹೇಳಿದ್ದನ್ನು ಮತ್ತೆ ಹೇಳಬೇಡ, ಎಲ್ಲಿ ಹೇಳಿದ್ದೆ ಎಂದು ತೋರಿಸು ಎಂಬುದು ಅದರ ಸಾರ. ‘ಮಳೆ ಬಂತು ಮಳೆ ಹೋಯ್ತು’ ಎಂದು ಬರೆಯಬೇಕೆನ್ನಿ. ಖಾಲಿ ಜಾಗವನ್ನೂ ಒಂದು ಅಕ್ಷರವೆಂದು ಎಣಿಸಿದರೆ, ಎರಡನೆಯ ‘ಮಳೆ’ಯನ್ನು ಬರೆಯುವ ಬದಲು ‘6 ಅಕ್ಷರ ಹಿಂದಕ್ಕೆ ಹೋಗು, ಅಲ್ಲಿಂದ 3 ಅಕ್ಷರ ನಕಲು ಮಾಡು’ ಎಂದರೆ ಸಾಕು. ಇಷ್ಟು ಚಿಕ್ಕ ಸಾಲಿನಲ್ಲಿ ಲಾಭ ಕಾಣದು. ಆದರೆ ಒಂದೇ ಇಟ್ಟಿಗೆ ಗೋಡೆ, ಒಂದೇ ಬಣ್ಣದ ಆಕಾಶ ಸಾವಿರ ಸಲ ಬರುವ ಆಟದ ಫೈಲಿನಲ್ಲಿ ಲಾಭ ಬಹಳ. ಗಂಟು ಬಿಚ್ಚುವುದೆಂದರೆ ಈ ಸೂಚನೆಗಳನ್ನು ಒಂದೊಂದಾಗಿ ಪಾಲಿಸುತ್ತಾ ಹೋಗುವುದು, ಅಷ್ಟೇ.

ಇದೆಲ್ಲ ಪ್ರಬಂಧಗಳಿಂದ ಹೊರಬಂದು ಜನರ ಮೇಜಿನ ಮೇಲೆ ಕೂತದ್ದು 1980ರ ದಶಕದಲ್ಲಿ. ಅಮೆರಿಕದ ಕಂಪ್ಯೂಟರ್ ಹವ್ಯಾಸಿಗಳು ಆಗ ಟೆಲಿಫೋನ್ ತಂತಿಯ ಮೂಲಕ ಬುಲೆಟಿನ್ ಬೋರ್ಡ್‌ಗಳಿಗೆ ಕರೆ ಮಾಡಿ ಪ್ರೋಗ್ರಾಂಗಳನ್ನು ಇಳಿಸಿಕೊಳ್ಳುತ್ತಿದ್ದರು. ಸೆಕೆಂಡಿಗೆ 2400 ಬಿಟ್ ಸಾಗಿಸುವ ಮೋಡೆಮ್‌ನಲ್ಲಿ ಒಂದು 1.44 ಎಂಬಿ ಫ್ಲಾಪಿಯಷ್ಟು ಮಾಹಿತಿ ಇಳಿಯಲು ಸುಮಾರು 1 ಗಂಟೆ 40 ನಿಮಿಷ ಬೇಕು. ಅಷ್ಟು ಹೊತ್ತೂ ಫೋನ್ ಬಿಲ್ ಏರುತ್ತಿರುತ್ತದೆ. ಫೈಲನ್ನು ಅರ್ಧಕ್ಕೆ ಇಳಿಸಿದರೆ ಬಿಲ್ಲೂ ಅರ್ಧ. 1985ರಲ್ಲಿ ಸಿಸ್ಟಂ ಎನ್‌ಹ್ಯಾನ್ಸ್‌ಮೆಂಟ್ ಅಸೋಸಿಯೇಟ್ಸ್ ಎಂಬ ಪುಟ್ಟ ಸಂಸ್ಥೆಯ ಥಾಮ್ ಹೆಂಡರ್ಸನ್ ಇದಕ್ಕಾಗಿ ‘ಆರ್ಕ್’ ಎಂಬ ಪ್ರೋಗ್ರಾಂ ಬರೆದರು. ಅದರ ಸೋರ್ಸ್ ಕೋಡನ್ನೂ ಹೊರಗೆ ಬಿಟ್ಟರು.

ವಿಸ್ಕಾನ್ಸಿನ್ ರಾಜ್ಯದ ಮಿಲ್ವಾಕಿಯಲ್ಲಿ ಫಿಲ್ ಕಾಟ್ಜ್ ಎಂಬ ಯುವಕ ತನ್ನ ತಾಯಿಯ ಮನೆಯಲ್ಲಿ ಕೂತು ಅದೇ ಕೆಲಸವನ್ನು ಹಲವು ಪಟ್ಟು ವೇಗದಲ್ಲಿ ಮಾಡುವ ‘ಪಿಕೆಆರ್ಕ್’ ಬರೆದ. ಬುಲೆಟಿನ್ ಬೋರ್ಡ್‌ಗಳು ಅದರತ್ತ ವಾಲಿದವು. 1988ರಲ್ಲಿ ಹೆಂಡರ್ಸನ್ ಅವರ ಸಂಸ್ಥೆ ಮೊಕದ್ದಮೆ ಹೂಡಿತು. ಎರಡೂ ಕೋಡ್‌ಗಳನ್ನು ಹೋಲಿಸಿದ ತಜ್ಞರಿಗೆ ಟಿಪ್ಪಣಿಗಳಲ್ಲಿನ ಕಾಗುಣಿತದ ತಪ್ಪುಗಳು ಕೂಡ ಒಂದೇ ಆಗಿ ಕಂಡವು. ಕಾಟ್ಜ್ ಹಣ ಕೊಟ್ಟು ರಾಜಿಯಾದ. ಆದರೆ ಜನರ ಮನಸ್ಸಿನಲ್ಲಿ ತೀರ್ಪು ತಿರುಗುಮುರುಗಾಯಿತು. ದೊಡ್ಡ ಕಂಪನಿಯೊಂದು ಬಡಪಾಯಿ ಹುಡುಗನನ್ನು ತುಳಿಯಿತು ಎಂದೇ ಹಲವರು ನಂಬಿದರು. ‘ದೊಡ್ಡ ಕಂಪನಿ’ಯೂ ಒಂದು ಮನೆವಾರ್ತೆಯ ಉದ್ಯಮವೇ ಆಗಿತ್ತು ಎಂಬುದನ್ನು ಯಾರೂ ಕೇಳಿಸಿಕೊಳ್ಳಲಿಲ್ಲ. ಇಲ್ಲಿ ನನ್ನ ಸಹಾನುಭೂತಿ ಹೆಂಡರ್ಸನ್ ಕಡೆಗೇ.

ಆದರೆ ಕಾಟ್ಜ್ ಮುಂದೆ ಇಟ್ಟ ಹೆಜ್ಜೆಯನ್ನು ಮೆಚ್ಚದೆ ಇರಲಾರೆ. 1989ರಲ್ಲಿ ಅವನು ‘ಪಿಕೆಜಿಪ್’ ಎಂಬ ಹೊಸ ಪ್ರೋಗ್ರಾಂ ತಂದ. ಜೊತೆಗೆ, ಜಿಪ್ ಫೈಲಿನಲ್ಲಿ ಯಾವ ಬೈಟ್ ಎಲ್ಲಿರುತ್ತದೆ, ಅದರ ಅರ್ಥವೇನು ಎಂಬ ವಿವರವನ್ನೆಲ್ಲ ಬರೆದು ಸಾರ್ವಜನಿಕರಿಗೆ ಬಿಟ್ಟುಕೊಟ್ಟ. ಪ್ರೋಗ್ರಾಂ ತನ್ನದು, ಗಂಟಿನ ಗುಟ್ಟು ಎಲ್ಲರದು. ಯಾರು ಬೇಕಾದರೂ ಅದನ್ನು ಓದಿ ತಮ್ಮದೇ ಬಿಚ್ಚುವ ಸಾಧನ ಬರೆಯಬಹುದಿತ್ತು. ಬರೆದರು ಕೂಡ. 1993ರ ಆವೃತ್ತಿಯಲ್ಲಿ ಅವನು ಲೆಂಪೆಲ್, ಝಿವ್ ಅವರ ಉಪಾಯವನ್ನೂ ಹಫ್‌ಮನ್‌ನ ಉಪಾಯವನ್ನೂ ಬೆಸೆದು ‘ಡಿಫ್ಲೇಟ್’ ಎಂಬ ವಿಧಾನ ತಂದ. ಇಂದಿಗೂ ಜಿಪ್ ಎಂದರೆ ಹೆಚ್ಚಾಗಿ ಅದೇ.

ಅದೇ 1993ರ ಡಿಸೆಂಬರ್ 10ರಂದು, ಅದೇ ವಿಸ್ಕಾನ್ಸಿನ್ ರಾಜ್ಯದ ವಿಶ್ವವಿದ್ಯಾಲಯವೊಂದರ ಸರ್ವರಿಗೆ ಇಡ್ ಸಾಫ್ಟ್‌ವೇರ್ ಸಂಸ್ಥೆ ‘ಡೂಮ್’ ಆಟದ ಮೊದಲ ಭಾಗವನ್ನು ಏರಿಸಿತು. ಕಾದು ನಿಂತವರ ನೂಕುನುಗ್ಗಲಿನಲ್ಲಿ ಏರಿಸುವವರಿಗೇ ಜಾಗ ಸಿಗದ ಪರಿಸ್ಥಿತಿ. ಉಚಿತವಾಗಿ ಹಂಚಿದ ಆ ಭಾಗದ ನಕ್ಷೆ, ಚಿತ್ರ, ಸದ್ದುಗಳ ಫೈಲೊಂದೇ ಸುಮಾರು 4 ಎಂಬಿ ಇತ್ತು. ಎರಡು ಫ್ಲಾಪಿಗಳ ಒಟ್ಟು ಜಾಗ 3 ಎಂಬಿಗೂ ಕಡಿಮೆ. ಅದನ್ನು ಕುಗ್ಗಿಸಲು ಇಡ್ ಬಳಸಿದ್ದು ಜಪಾನಿನ ಹರುಯಾಸು ಯೋಶಿಜಾಕಿ ಬರೆದ ‘ಎಲ್‌ಎಚ್‌ಎ’. ಯೋಶಿಜಾಕಿ ವೃತ್ತಿಯಿಂದ ವೈದ್ಯರು. ಹೈಫಾದ ಗಣಿತ, ಎಂಐಟಿಯ ಪ್ರಬಂಧ, ಜಪಾನಿನ ವೈದ್ಯರೊಬ್ಬರ ಬಿಡುವಿನ ಕೆಲಸ ಇವೆಲ್ಲ ಸೇರಿ ಒಂದು ಆಟವನ್ನು ಎರಡು ಫ್ಲಾಪಿಯೊಳಗೆ ತುರುಕಿದವು. ಇದೇ ಇಡ್ ಸಂಸ್ಥೆ 1999ರಲ್ಲಿ ತಂದ ‘ಕ್ವೇಕ್ 3’ ಆಟದ ಫೈಲ್‌ಗಳು ಹೆಸರು ಬದಲಿಸಿಕೊಂಡ ಜಿಪ್‌ಗಳೇ. ಆಟಗಾರರು ಅವನ್ನು ಬಿಚ್ಚಿ, ತಮ್ಮದೇ ನಕ್ಷೆ ಸೇರಿಸಿ, ಮತ್ತೆ ಕಟ್ಟುವುದು ಇದರಿಂದ ಸುಲಭವಾಯಿತು.

ಗುಟ್ಟು ಬಿಟ್ಟುಕೊಡದಿದ್ದರೆ ಏನಾಗುತ್ತದೆ ಎಂಬುದಕ್ಕೂ ಉದಾಹರಣೆಯಿದೆ. ಜಿಫ್ ಚಿತ್ರಗಳಲ್ಲಿ ಬಳಸುವ ಕುಗ್ಗಿಸುವ ವಿಧಾನದ ಪೇಟೆಂಟ್ ಯೂನಿಸಿಸ್ ಕಂಪನಿಯ ಕೈಯಲ್ಲಿತ್ತು. ಜಿಫ್ ಎಲ್ಲೆಡೆ ಹಬ್ಬಿದ ಮೇಲೆ, 1994ರ ಕೊನೆಗೆ, ಜಿಫ್ ತಯಾರಿಸುವ ಸಾಫ್ಟ್‌ವೇರ್ ಬರೆಯುವವರು ಶುಲ್ಕ ಕೊಡಬೇಕೆಂಬ ಬೇಡಿಕೆ ಬಂತು. ಸಿಟ್ಟಾದವರು ಡಿಫ್ಲೇಟ್ ಬಳಸಿ ಪಿಎನ್‌ಜಿ ಎಂಬ ಹೊಸ ಚಿತ್ರರೂಪ ಕಟ್ಟಿದರು. ರಷ್ಯಾದ ಯೂಜಿನ್ ರೋಶಲ್ ಅವರ ರಾರ್ ನಡುದಾರಿ ಹಿಡಿಯಿತು. ಬಿಚ್ಚುವ ಕೋಡ್ ಯಾರಿಗಾದರೂ ಸಿಗುತ್ತದೆ, ಆದರೆ ಅದನ್ನು ನೋಡಿ ಕಟ್ಟುವ ಸಾಧನ ಬರೆಯುವಂತಿಲ್ಲ. 40 ದಿನಗಳ ಪ್ರಯೋಗದ ಅವಧಿ ಮುಗಿದರೂ ವಿನ್‌ರಾರ್ ಕೆಲಸ ನಿಲ್ಲಿಸದೆ ಬರೀ ನೆನಪಿಸುತ್ತಿರುತ್ತದೆ ಎಂಬುದು ಬೇರೆ ಮಾತು.

ಕಾಟ್ಜ್ ಹೆಚ್ಚು ಕಾಲ ಉಳಿಯಲಿಲ್ಲ. ಕುಡಿತ ಅವನನ್ನು ತಿಂದಿತ್ತು. 2000ದ ಏಪ್ರಿಲ್‌ನಲ್ಲಿ ಮಿಲ್ವಾಕಿಯ ಹೋಟೆಲೊಂದರಲ್ಲಿ ಶವವಾಗಿ ಸಿಕ್ಕಾಗ ಅವನ ವಯಸ್ಸು 37.

ಸಾಹಿತ್ಯದ ಓದುಗರಿಗೆ ಈ ಕಥೆ ಯಾಕೆ ಎಂದು ಕೇಳಬಹುದು. ಇ-ಪುಸ್ತಕಗಳ ಇಪಬ್ ಫೈಲ್, ವರ್ಡ್‌ನ ಡಾಕ್ಸ್ ಫೈಲ್ ಎರಡೂ ಒಳಗೆ ಜಿಪ್ ಗಂಟುಗಳೇ. ಬಾಲವನ್ನು ಜಿಪ್ ಎಂದು ಬದಲಿಸಿದರೆ ಬಿಚ್ಚಿಕೊಳ್ಳುತ್ತವೆ. ಕನ್ನಡಕ್ಕಂತೂ ಈ ಗಂಟು ಚೆನ್ನಾಗಿ ಒಗ್ಗುತ್ತದೆ. ಯುಟಿಎಫ್-8ರಲ್ಲಿ ಕನ್ನಡದ ಒಂದೊಂದು ಸಂಕೇತಕ್ಕೂ 3 ಬೈಟ್ ಬೇಕು, ಇಂಗ್ಲಿಷಿಗೆ ಒಂದೇ. ಆದರೆ ನಮ್ಮ ಸಂಕೇತಗಳ ಮೊದಲ ಬೈಟ್ ಯಾವಾಗಲೂ ಒಂದೇ, ಎರಡನೆಯದು ಎರಡರಲ್ಲೊಂದು. ಇಷ್ಟು ಪುನರಾವರ್ತನೆ ಕಂಡರೆ ಡಿಫ್ಲೇಟ್‌ಗೆ ಹಬ್ಬ.

ಆದರೆ ಯೂನಿಕೋಡ್ ಬರುವ ಮೊದಲು ಡಿಟಿಪಿಯಲ್ಲಿ ಸಿದ್ಧವಾದ ಎಷ್ಟೋ ಕನ್ನಡ ಪುಸ್ತಕಗಳ ಫೈಲ್‌ಗಳಿಗೆ ಈ ಭಾಗ್ಯವಿಲ್ಲ. ಜಿಪ್ ಬಿಚ್ಚುತ್ತದೆ, ಒಳಗಿನ ಕನ್ನಡ ಬಿಚ್ಚುವುದಿಲ್ಲ. ಆ ಕಾಲದ ಫಾಂಟ್ ಇಲ್ಲದೆ ತೆರೆದರೆ ಪುಟದ ತುಂಬ ಅರ್ಥವಿಲ್ಲದ ಚಿಹ್ನೆಗಳು. ನುಡಿ, ಬರಹಗಳ ಹಳೆಯ ಫೈಲ್‌ಗಳನ್ನು ಯೂನಿಕೋಡಿಗೆ ತರುವ ಪರಿವರ್ತಕಗಳು ಸಿಗುತ್ತವೆ, ಏಕೆಂದರೆ ಯಾವ ಅಕ್ಷರಕ್ಕೆ ಯಾವ ಸಂಕೇತ ಎಂಬುದು ಅಲ್ಲಿ ತಿಳಿದಿದೆ. ಆ ಪಟ್ಟಿ ಕಟ್ಟಿದವರ ಬಳಿಯೇ ಉಳಿದುಹೋದ ಕಡೆ ಪುಸ್ತಕವನ್ನು ಮತ್ತೆ ಮೊದಲಿನಿಂದ ಟೈಪ್ ಮಾಡಬೇಕು. 1993ರ ಒಂದು ಆಟವನ್ನು ಇವತ್ತು ನಿಮಿಷದೊಳಗೆ ಬಿಚ್ಚಿ ಆಡಬಹುದು, ಅದೇ ಕಾಲದ ಕನ್ನಡ ಕವನ ಸಂಕಲನವೊಂದರ ಫೈಲನ್ನು ಓದಲಾಗದೆ ಹೋಗಬಹುದು. ಗಂಟು ಬಿಚ್ಚುವ ಬಗೆಯನ್ನು ಬರೆದು ಎಲ್ಲರಿಗೂ ಕೊಟ್ಟವರು ಇದ್ದ ಕಡೆ ಮಾತ್ರ ಹಳೆಯದು ಉಳಿದಿದೆ.